ಕಡಾಣಿಯಿಂದ ಕಾಟರ್ ಪಿನ್ನಿನವರೆಗೆ

ರಾಮಾಯಣದ ಕೈಕೇಯಿಗೆ ಎರಡು ವರಗಳು ದೊರೆತದ್ದು ಒಂದು ರಥದ ಗಾಲಿಯಿಂದ. ಯುದ್ಧದ ನಡುವೆ ದಶರಥನ ರಥದ ಕಡಾಣಿ ಬಿದ್ದುಹೋದಾಗ ಅವಳು ಆ ಜಾಗದಲ್ಲಿ ತನ್ನ ಬೆರಳಿಟ್ಟು ಗಾಲಿ ಕಳಚದಂತೆ ತಡೆದಳೆಂದು ನಮ್ಮ ಹಳ್ಳಿಗಳಲ್ಲಿ ಕಥೆ ಹೇಳುತ್ತಾರೆ. ಕೇಳುವವರಿಗೆ ಇದು ಅತಿಶಯವೆನಿಸಬಹುದು. ಗಾಡಿ ಹೊಡೆದವರಿಗೆ ಹಾಗನ್ನಿಸುವುದಿಲ್ಲ. ಅಚ್ಚಿನ ತುದಿಯ ಆ ಬೆರಳುದ್ದದ ಕೀಲು ಹೋದರೆ ಗಾಲಿ ಹೋಯಿತು, ಗಾಲಿ ಹೋದರೆ ಗಾಡಿಯೇ ಹೋಯಿತು ಎಂಬುದನ್ನು ಅವರು ಬಲ್ಲರು.

ಎತ್ತಿನ ಗಾಡಿಯ ಜಾಗಕ್ಕೆ ಕಾರು ಬಂದ ಮೇಲೂ ಈ ಮಾತು ಸುಳ್ಳಾಗಿಲ್ಲ. ಕಾರಿನ ಸ್ಟೀರಿಂಗ್ ಚಕ್ರದಿಂದ ಮುಂದಿನ ಗಾಲಿಗಳವರೆಗೆ ಹತ್ತಾರು ಕೀಲುಗಳ ಒಂದು ಸರಪಳಿ ಇದೆ. ಅದರ ಮುಖ್ಯ ಕೊಂಡಿಗಳ ನಟ್ಟುಗಳು ಬಿಚ್ಚಿಕೊಳ್ಳದಂತೆ ತಡೆಯುವುದು ಕಾಟರ್ ಪಿನ್ ಎಂಬ, ಕೆಲವೇ ರೂಪಾಯಿ ಬೆಲೆಯ ತಂತಿಯ ತುಂಡು. ಕಡಾಣಿಯ ಕೆಲಸವನ್ನು ಇಂದು ಮಾಡುತ್ತಿರುವುದು ಅದೇ. ಕೆಎ–45 ಎಂಬ ನೋಂದಣಿ ಸಂಖ್ಯೆ ಹೊತ್ತು ಹುಣಸೂರು, ಪಿರಿಯಾಪಟ್ಟಣ, ಕೆ.ಆರ್. ನಗರ, ಎಚ್.ಡಿ. ಕೋಟೆಗಳಲ್ಲಿ ಓಡಾಡುವ ವಾಹನಗಳಲ್ಲಿ ಹಳೆಯವೂ ಇವೆ. ಅವುಗಳ ಸ್ಟೀರಿಂಗ್ ಯಾಕೆ ಕೆಡುತ್ತದೆ, ಕೆಟ್ಟದ್ದು ಎಲ್ಲಿ ಎಂದು ಕಂಡುಹಿಡಿಯುವುದು ಹೇಗೆ ಎಂಬುದನ್ನು ತಿಳಿಯಲು ಆ ವಾಹನಗಳ ಇತಿಹಾಸವನ್ನೂ ಸ್ವಲ್ಪ ತಿಳಿದಿರಬೇಕು.

ಎತ್ತು ತಿರುಗಿದರೆ ಗಾಡಿ ತಿರುಗಿತು

ಗಾಲಿಯ ವಿದ್ಯೆ ಈ ಸೀಮೆಗೆ ಹೊಸದಲ್ಲ. ಫಿರಂಗಿ ಎಳೆಯಲು ಹೆಸರಾದ ಅಮೃತ ಮಹಲ್ ರಾಸುಗಳ ಇಲಾಖೆಗೆ ಹುಣಸೂರೇ ಕೇಂದ್ರವಾಗಿತ್ತು. ಟಿಪ್ಪುವಿನ ಪತನದ ನಂತರ ಆ ರಾಸುಗಳು ಕಂಪನಿಯ ಸೇನೆಯ ಕೈಸೇರಿದವು. ಹತ್ತೊಂಬತ್ತನೆಯ ಶತಮಾನದ ಮಧ್ಯದವರೆಗೂ ಸೇನೆಯ ಚರ್ಮದ ಕಾರ್ಖಾನೆ, ಕಂಬಳಿ ಕಾರ್ಖಾನೆ ಮತ್ತು ಮರದ ಅಂಗಳಗಳು ಹುಣಸೂರಿನಲ್ಲಿದ್ದವು. ಪಕ್ಕದಲ್ಲೇ ಕಾಡು. ಮರ, ಚರ್ಮ, ಕಬ್ಬಿಣ ಮೂರನ್ನೂ ಬಲ್ಲ ಕುಶಲಕರ್ಮಿಗಳಿಗೆ ಇಲ್ಲಿ ಕೆಲಸವಿತ್ತು.

ಎತ್ತಿನ ಗಾಡಿಗೆ ಸ್ಟೀರಿಂಗ್ ಬೇಕಿಲ್ಲ. ಅದಕ್ಕಿರುವುದು ಎರಡೇ ಗಾಲಿ. ಎತ್ತು ತಿರುಗಿದರೆ ನೊಗ ತಿರುಗಿತು, ನೊಗದ ಹಿಂದೆ ಮೂಕಿ, ಮೂಕಿಯ ಹಿಂದೆ ಗಾಡಿ. ತೊಡಕು ಶುರುವಾಗುವುದು ನಾಲ್ಕು ಗಾಲಿ ಕೂಡಿದಾಗ. ಮೈಸೂರಿನ ಸಾರೋಟನ್ನು ಗಮನಿಸಿದವರಿಗೆ ಇದಕ್ಕೆ ಹಳಬರು ಕಂಡುಕೊಂಡ ಪರಿಹಾರ ಗೊತ್ತಿರುತ್ತದೆ. ಅಲ್ಲಿ ಮುಂದಿನ ಅಚ್ಚು ಇಡಿಯಾಗಿ ನಡುವಿನ ಒಂದು ಗೂಟದ ಮೇಲೆ ತಿರುಗುತ್ತದೆ. ಕುದುರೆಯ ವೇಗಕ್ಕೆ ಇಷ್ಟು ಸಾಕು. ಆದರೆ ಜೋರಾಗಿ ಓಡುವ ಬಂಡಿಯ ಒಂದು ಗಾಲಿ ಕಲ್ಲಿಗೆ ತಗುಲಿದರೆ ಇಡೀ ಅಚ್ಚೇ ಹೊರಳಿಬಿಡುತ್ತದೆ.

ಜರ್ಮನಿಯ ಮ್ಯೂನಿಕ್ ನಗರದ ಸಾರೋಟು ತಯಾರಕ ಗಿಯೋರ್ಗ್ ಲಾಂಕೆನ್‌ಸ್ಪೆರ್ಗರ್ ಇದಕ್ಕೆ ಬೇರೆ ದಾರಿ ತೋರಿಸಿದ. ಅಚ್ಚು ಅಲುಗಾಡದೆ ನಿಲ್ಲಲಿ, ಅದರ ಎರಡು ತುದಿಗಳಲ್ಲಿ ಗಾಲಿಗಳು ಮಾತ್ರ ತಮ್ಮ ತಮ್ಮ ಕೀಲಿನ ಮೇಲೆ ತಿರುಗಲಿ ಎಂಬುದು ಅವನ ಉಪಾಯ. 1818ರಲ್ಲಿ ಲಂಡನ್ನಿನಲ್ಲಿ ಇದರ ಹಕ್ಕುಪತ್ರ ಪಡೆದವನು ಅವನ ಪ್ರತಿನಿಧಿ ರುಡಾಲ್ಫ್ ಅಕರ್‌ಮನ್. ಹೀಗಾಗಿ ಪದ್ಧತಿಗೆ ಉಳಿದದ್ದು ಪ್ರತಿನಿಧಿಯ ಹೆಸರು! ತಿರುವಿನಲ್ಲಿ ಒಳಗಿನ ಗಾಲಿ ಸಣ್ಣ ವೃತ್ತದಲ್ಲಿ ಹೋಗುವುದರಿಂದ ಅದು ಹೊರಗಿನದಕ್ಕಿಂತ ಹೆಚ್ಚು ತಿರುಗಬೇಕು. ಅಕರ್‌ಮನ್ ಪದ್ಧತಿಯಲ್ಲಿ ಗಾಲಿಗಳ ತೋಳುಗಳನ್ನು ಓರೆಯಾಗಿಟ್ಟು ಇದನ್ನು ಸಾಧಿಸುತ್ತಾರೆ. ಕಾರುಗಳು ಬಂದಾಗ ಈ ತತ್ವವೇ ಅವುಗಳಿಗೂ ಬಂತು. ಅದರೊಂದಿಗೆ ಇನ್ನೊಂದೂ ಬಂತು. ಒಂದು ಗೂಟವಿದ್ದ ಜಾಗದಲ್ಲಿ ಹಲವು ಕೀಲುಗಳಾದವು. ಸವೆಯುವ ಜಾಗಗಳೂ ಅಷ್ಟೇ ಹೆಚ್ಚಾದವು.

ಮೂರು ವಾಹನ, ಮೂರು ಬಗೆ

ಮೈಸೂರು ಸಂಸ್ಥಾನದಲ್ಲೇ ಕಾರು ತಯಾರಾಗುವ ಕಾಲವೊಂದು ಹತ್ತಿರ ಬಂದಿತ್ತು. 1930ರ ದಶಕದಲ್ಲಿ ಸರ್ ಎಂ. ವಿಶ್ವೇಶ್ವರಯ್ಯನವರು ಮೋಟಾರು ಕಾರ್ಖಾನೆಯ ಯೋಜನೆ ಸಿದ್ಧಪಡಿಸಿ ಅದಕ್ಕಾಗಿ ಯುರೋಪು, ಅಮೆರಿಕಗಳನ್ನು ಸುತ್ತಿ ಬಂದರು. ಉದ್ಯಮಿ ವಾಲ್‌ಚಂದ್ ಹೀರಾಚಂದ್ ಮುಂದೆ ಬಂದರು. ದಿವಾನ್ ಮಿರ್ಜಾ ಇಸ್ಮಾಯಿಲರ ಮೈಸೂರು ಸರ್ಕಾರವೂ ಕೈಜೋಡಿಸಲು ಸಿದ್ಧವಿತ್ತು. ದೆಹಲಿಯ ಬ್ರಿಟಿಷ್ ಸರ್ಕಾರ ಮಾತ್ರ ಒಪ್ಪಲಿಲ್ಲ. 1940ರಲ್ಲಿ ಬೆಂಗಳೂರಿಗೆ ಬಂದದ್ದು ವಿಮಾನ ಕಾರ್ಖಾನೆ. ವಾಲ್‌ಚಂದರ ಕಾರು ಕಂಪನಿ ಪ್ರೀಮಿಯರ್ 1944ರಲ್ಲಿ ಮುಂಬೈಯಲ್ಲಿ ಹುಟ್ಟಿತು. ಅಂಬಾಸಿಡರ್ ತಯಾರಾದದ್ದು ಕಲ್ಕತ್ತೆಯ ಸಮೀಪದ ಉತ್ತರಪಾಡದಲ್ಲಿ, ಜೀಪು ಜೋಡಣೆಯಾದದ್ದು ಮತ್ತೆ ಮುಂಬೈಯಲ್ಲಿ. ಕಾರ್ಖಾನೆ ದೂರವಿದ್ದಷ್ಟೂ ಬಿಡಿಭಾಗವೂ ದೂರ. ಹಳೆಯದನ್ನು ಕಿತ್ತು ಹೊಸದು ಹಾಕುವುದಕ್ಕಿಂತ, ಲೇತ್ ಮೇಲೆ ಬುಶ್ ತಿರುವಿ ಇದ್ದುದನ್ನೇ ರಿಪೇರಿ ಮಾಡುವ ವಿದ್ಯೆ ಸಣ್ಣ ಊರುಗಳ ಗ್ಯಾರೇಜುಗಳಲ್ಲಿ ಬೆಳೆಯಲು ಇದೂ ಒಂದು ಕಾರಣ.

ಈ ಮೂರು ವಾಹನಗಳ ಸ್ಟೀರಿಂಗ್ ಒಂದೇ ಬಗೆಯದಲ್ಲ. 1957ರ ಸುಮಾರಿಗೆ ಬಂದ ಅಂಬಾಸಿಡರಿನ ಮೂಲ ಇಂಗ್ಲೆಂಡಿನ ಮಾರಿಸ್ ಆಕ್ಸ್‌ಫರ್ಡ್. ಅದರದು ರ‍್ಯಾಕ್ ಪದ್ಧತಿ. ಸ್ಟೀರಿಂಗ್ ಕಂಬದ ತುದಿಯ ಹಲ್ಲುಚಕ್ರ ಒಂದು ಹಲ್ಲಿನ ಸಲಾಕೆಯನ್ನು ಎಡಬಲಕ್ಕೆ ಸರಿಸುತ್ತದೆ. ಫಿಯೆಟ್ 1100ರಿಂದ ಬಂದ ಪ್ರೀಮಿಯರ್ ಪದ್ಮಿನಿಯಲ್ಲಿ ಸುರುಳಿ ಹಲ್ಲಿನ ಸ್ಟೀರಿಂಗ್ ಬಾಕ್ಸ್ ಒಂದು ಕಡೆ, ಅದಕ್ಕೆ ಜೊತೆಯಾಗಿ ಐಡ್ಲರ್ ತೋಳು ಇನ್ನೊಂದು ಕಡೆ, ನಡುವೆ ರಾಡುಗಳು. ಜೀಪಿನದು ಇನ್ನೂ ಹಳೆಯ ರಚನೆ. ಎರಡು ಗಾಲಿಗಳ ನಡುವೆ ಬಾಗದ ಒಂದೇ ಗಟ್ಟಿ ಅಚ್ಚು, ಮೇಲೆ ಪಟ್ಟಿ ಸ್ಪ್ರಿಂಗು, ಗಾಲಿ ತಿರುಗುವಲ್ಲಿ ಕಿಂಗ್‌ಪಿನ್.

ರೋಗವೂ ರಚನೆಗೆ ತಕ್ಕಂತೆ. ಅಂಬಾಸಿಡರಿನ ರ‍್ಯಾಕಿನ ತುದಿಯ ರಬ್ಬರ್ ಚೀಲ ಹರಿದರೆ ಕೆ.ಆರ್. ನಗರದ ಗದ್ದೆ ಬಯಲಿನ ಕೆಸರಾಗಲಿ, ಪಿರಿಯಾಪಟ್ಟಣದ ಕೆಂಪು ಧೂಳಾಗಲಿ ನೇರವಾಗಿ ಹಲ್ಲಿಗೆ ಹೋಗಿ ಅರಗೊರಡಿನ ಹಾಗೆ ತೇಯುತ್ತದೆ. ಪದ್ಮಿನಿಯಲ್ಲಿ ಐಡ್ಲರ್ ತೋಳಿನ ಬುಶ್ ಸವೆದರೆ ಬಾಕ್ಸ್ ಎಷ್ಟೇ ಚೆನ್ನಾಗಿದ್ದರೂ ಕಾರು ಅತ್ತಿತ್ತ ಅಲೆಯುತ್ತದೆ. ಎಚ್.ಡಿ. ಕೋಟೆಯ ಕಾಡಂಚಿನ ದಾರಿಗಳಲ್ಲಿ ದುಡಿದ ಜೀಪಿನ ಕಿಂಗ್‌ಪಿನ್ ಸಡಿಲವಾದರೆ ಒಂದು ಗುಂಡಿಗೆ ಬಿದ್ದದ್ದೇ ನೆಪವಾಗಿ ಮುಂದಿನ ಎರಡೂ ಗಾಲಿಗಳು ಗಡಗಡನೆ ನಡುಗತೊಡಗುತ್ತವೆ. ಅಂಥ ಹೊತ್ತಿನಲ್ಲಿ ಸ್ಟೀರಿಂಗ್ ಹಿಡಿಯುವುದೇ ಕಷ್ಟ.

ನೋವು ಕೈಯಲ್ಲಿ, ರೋಗ ಗಾಲಿಯಲ್ಲಿ

ಹಳೆಯ ಕಾರಿನ ಸ್ಟೀರಿಂಗ್ ವಿಷಯದಲ್ಲಿ ಸಾಮಾನ್ಯವಾಗಿ ಆಗುವ ತಪ್ಪು ಒಂದೇ. ತೊಂದರೆ ಕೈಗೆ ತಿಳಿಯುವುದರಿಂದ ಕೈಗೆ ಹತ್ತಿರವಿರುವ ಭಾಗವನ್ನೇ ಮೊದಲು ಅನುಮಾನಿಸುತ್ತಾರೆ. ಸ್ಟೀರಿಂಗ್ ಚಕ್ರದಲ್ಲಿ ಆಟ ಹೆಚ್ಚಾಯಿತೆಂದು ಬಾಕ್ಸಿನ ತಿರುಪನ್ನು ಬಿಗಿ ಮಾಡುತ್ತಾರೆ. ಆದರೆ ಬಾಕ್ಸಿನ ಹಲ್ಲು ಎಲ್ಲ ಕಡೆಯೂ ಒಂದೇ ಸಮನಾಗಿ ಸವೆದಿರುವುದಿಲ್ಲ. ಕಾರು ಹೆಚ್ಚು ಹೊತ್ತು ನೇರವಾಗಿಯೇ ಓಡುವುದರಿಂದ ನಡುವಿನ ಹಲ್ಲು ಹೆಚ್ಚು ಸವೆದಿರುತ್ತದೆ. ನಡುವಿನ ಆಟ ಹೋಗುವಷ್ಟು ಬಿಗಿ ಮಾಡಿದರೆ ತಿರುವಿನಲ್ಲಿ ಸವೆಯದ ಹಲ್ಲುಗಳು ಕಚ್ಚಿಕೊಂಡು ಸ್ಟೀರಿಂಗ್ ತಾನಾಗಿ ಹಿಂದಕ್ಕೆ ಬರುವುದಿಲ್ಲ. ಆಟ ಹೋಯಿತೆಂದು ಸಮಾಧಾನಪಟ್ಟವನಿಗೆ ಮೊದಲಿಗಿಂತ ದೊಡ್ಡ ಅಪಾಯ ಗಂಟು ಬಿದ್ದಿರುತ್ತದೆ.

ಬಲ್ಲ ಮೆಕ್ಯಾನಿಕ್ ನೆಲದಿಂದ ಮೇಲಕ್ಕೆ ಹೋಗುತ್ತಾನೆ. ಮೊದಲು ಟೈರು, ಆಮೇಲೆ ಗಾಲಿಯ ಬೇರಿಂಗು, ಆಮೇಲೆ ಕಿಂಗ್‌ಪಿನ್ ಅಥವಾ ಬಾಲ್ ಜಾಯಿಂಟು, ನಂತರ ಟೈ ರಾಡ್ ತುದಿಗಳು, ಕಡೆಗೆ ಬಾಕ್ಸು ಅಥವಾ ರ‍್ಯಾಕು. ಟೈರಿನಲ್ಲಿ ಗಾಳಿ ಕಡಿಮೆಯಿದ್ದರೂ ಸ್ಟೀರಿಂಗ್ ಭಾರವಾಗುತ್ತದೆ. ಡಿಕ್ಕಿಯಲ್ಲಿ ಗೊಬ್ಬರದ ಮೂಟೆ ತುಂಬಿದ್ದರೆ ಮುಂಭಾಗ ಹಗುರಾಗಿ ಹಿಡಿತ ತಪ್ಪಿದಂತೆ ಭಾಸವಾಗುತ್ತದೆ. ಇವಕ್ಕೆ ಸ್ಪ್ಯಾನರ್ ಹಿಡಿಯಬೇಕಾಗಿಯೇ ಇಲ್ಲ.

ಮುಂದಿನ ಗಾಲಿಯನ್ನು ಜಾಕಿ ಕೊಟ್ಟು ಎತ್ತಿ, ಅಚ್ಚಿನ ಕೆಳಗೆ ಭದ್ರವಾದ ಸ್ಟ್ಯಾಂಡ್ ಇಟ್ಟು, ಗಾಲಿಯನ್ನು ಮೇಲೆ ಕೆಳಗೆ ಹಿಡಿದು ಅಲುಗಿಸಿ ನೋಡಬೇಕು. ಆಟ ಕಂಡರೆ ಇನ್ನೊಬ್ಬರು ಬ್ರೇಕ್ ತುಳಿದಿರುವಾಗ ಮತ್ತೆ ಅಲುಗಿಸಬೇಕು. ಬ್ರೇಕ್ ತುಳಿದಾಗ ಆಟ ನಿಂತರೆ ದೋಷ ಬೇರಿಂಗಿನಲ್ಲಿದೆ. ನಿಲ್ಲದಿದ್ದರೆ ಕಿಂಗ್‌ಪಿನ್ನಿನಲ್ಲೋ ಬಾಲ್ ಜಾಯಿಂಟಿನಲ್ಲೋ ಇದೆ. ಅದೇ ಗಾಲಿಯನ್ನು ಎಡಬಲಕ್ಕೆ ಹಿಡಿದು ಅಲುಗಿಸಿದಾಗ ಮಾತ್ರ ಆಟ ಕಂಡರೆ ಟೈ ರಾಡಿನ ತುದಿಗಳತ್ತ ಗಮನ ಹರಿಸಬೇಕು. ಗಾಲಿ ನೆಲದ ಮೇಲಿರುವಾಗ ಒಬ್ಬರು ಸ್ಟೀರಿಂಗನ್ನು ಅತ್ತಿತ್ತ ಸ್ವಲ್ಪವೇ ಆಡಿಸುತ್ತಿದ್ದರೆ, ಇನ್ನೊಬ್ಬರು ಒಂದೊಂದು ಕೀಲಿನ ಮೇಲೂ ಕೈಯಿಟ್ಟು ಪರೀಕ್ಷಿಸಬಹುದು. ಕಣ್ಣಿಗೆ ಕಾಣದ ಆಟ ಬೆರಳಿಗೆ ತಿಳಿಯುತ್ತದೆ.

ಕಾರು ಒಂದು ಕಡೆಗೆ ಎಳೆಯುತ್ತಿದ್ದರೆ ಮುಂದಿನ ಎರಡು ಟೈರುಗಳನ್ನು ಅದಲು ಬದಲು ಮಾಡಿ ನೋಡಬೇಕು. ಎಳೆತ ಇನ್ನೊಂದು ಕಡೆಗೆ ತಿರುಗಿದರೆ ದೋಷ ಟೈರಿನದು. ತಿರುಗದಿದ್ದರೆ ಸ್ವಲ್ಪ ದೂರ ಓಡಿಸಿ ಬಂದು ಎರಡೂ ಬ್ರೇಕ್ ಡ್ರಮ್ಮುಗಳ ಬಿಸಿಯನ್ನು ಹೋಲಿಸಬೇಕು. ಒಂದು ಹೆಚ್ಚು ಕಾದಿದ್ದರೆ ಅಲ್ಲಿ ಬ್ರೇಕ್ ಹಿಡಿದುಕೊಂಡಿದೆ. ಸ್ಟೀರಿಂಗ್ ಬಿಗಿಯಾಗಿದ್ದರೆ ಟೈ ರಾಡನ್ನು ಗಾಲಿಯ ತೋಳಿನಿಂದ ಬಿಡಿಸಿ ಚಕ್ರ ತಿರುಗಿಸಿ ನೋಡಿದರಾಯಿತು. ಆಗಲೂ ಬಿಗಿಯಿದ್ದರೆ ದೋಷ ಮೇಲ್ಗಡೆ, ಹಗುರಾದರೆ ಗಾಲಿಯ ಕಡೆ. ಒಂದು ನಿರ್ದಿಷ್ಟ ವೇಗದಲ್ಲಿ ಮಾತ್ರ ಚಕ್ರ ನಡುಗಿದರೆ ಮೊದಲು ಗಾಲಿಯ ಬ್ಯಾಲೆನ್ಸ್ ಮಾಡಿಸಬೇಕು.

ಅಲೈನ್‌ಮೆಂಟ್ ಕೊನೆಯ ಕೆಲಸ. ಹಿಂದಿನ ಗಾಲಿಗಳು ನೂಕುವ ಇಂಥ ಕಾರುಗಳಲ್ಲಿ ಓಡುವಾಗ ಮುಂದಿನ ಗಾಲಿಗಳ ಮೊಗ ಹೊರಕ್ಕೆ ಸರಿಯಲು ನೋಡುತ್ತದೆ. ಅದಕ್ಕಾಗಿ ನಿಂತಿರುವಾಗ ಅವುಗಳ ಮೊಗ ಕೆಲವು ಮಿಲಿಮೀಟರಿನಷ್ಟು ಒಳಕ್ಕಿರುವಂತೆ ಹೊಂದಿಸುತ್ತಾರೆ. ಕಂಪ್ಯೂಟರ್ ಯಂತ್ರ ಬರುವ ಮೊದಲು ಸೀಮೆಸುಣ್ಣದ ಗುರುತು, ದಾರ ಮತ್ತು ಅಳತೆ ಟೇಪಿನಿಂದಲೇ ಈ ಕೆಲಸ ನಡೆಯುತ್ತಿತ್ತು. ಒಳಮೊಗ ಅತಿಯಾದರೆ ಟೈರಿನ ಹೊರ ಅಂಚು, ಹೊರಮೊಗವಾದರೆ ಒಳ ಅಂಚು ಬೇಗ ಸವೆಯುತ್ತದೆ. ಕೀಲುಗಳು ಸಡಿಲವಿರುವಾಗ ಎಂಥ ಯಂತ್ರದ ಅಳತೆಯೂ ನಿಲ್ಲುವುದಿಲ್ಲ. ಮುಂದಿನ ಗುಂಡಿಗೆ ಬಿದ್ದ ಕೂಡಲೇ ಆ ದುಡ್ಡು ನೀರುಪಾಲು.

ಕೀಲೆಣ್ಣೆಯ ಪಾಠ

ಎತ್ತಿನ ಗಾಡಿಯವನು ದೂರದ ಪಯಣಕ್ಕೆ ಹೊರಡುವ ಮುನ್ನ ಅಚ್ಚಿಗೆ ಕೀಲೆಣ್ಣೆ ಹಾಕುತ್ತಿದ್ದ, ಕಡಾಣಿ ಮುಟ್ಟಿ ನೋಡುತ್ತಿದ್ದ. ಹಳೆಯ ಕಾರು ಬೇಡುವುದೂ ಇದನ್ನೇ. ಇಂದಿನ ಕಾರುಗಳ ಕೀಲುಗಳಲ್ಲಿ ಹೆಚ್ಚಿನವು ಗ್ರೀಸ್ ತುಂಬಿ ಮುಚ್ಚಿ ಬಂದಿರುತ್ತವೆ. ಸವೆದರೆ ಬದಲಾಯಿಸುವುದೇ ದಾರಿ. ಜೀಪು, ಅಂಬಾಸಿಡರ್, ಪದ್ಮಿನಿಗಳ ಕಾಲದ ಕೀಲುಗಳಿಗಾದರೆ ಗ್ರೀಸ್ ನಿಪ್ಪಲ್‌ಗಳಿವೆ. ಹೊತ್ತಿಗೆ ಸರಿಯಾಗಿ ಗನ್ನಿನಿಂದ ಹೊಸ ಗ್ರೀಸ್ ತುಂಬಿ, ಹಳೆಯ ಕೊಳೆ ಗ್ರೀಸ್ ಹೊರಬರುವವರೆಗೂ ಒತ್ತಬೇಕು. ನೀರಿನಲ್ಲಿ ಇಳಿದು ಬಂದ ಗಾಡಿಗಂತೂ ಇದು ಕಡ್ಡಾಯ. ಇದನ್ನು ತಪ್ಪಿಸಿದ್ದರಿಂದಲೇ ಆಯುಷ್ಯ ಮುಗಿದ ಕೀಲುಗಳು ಎಷ್ಟೋ.

ಹೇಗೋ ಹೊಂದಿಸಿಕೊಂಡು ಹೋಗುವುದು ನಮ್ಮ ಗ್ಯಾರೇಜುಗಳ ದೊಡ್ಡ ಗುಣ. ಎಂಜಿನ್ನಿನಲ್ಲಿ ಹೊಂದಿಸಿದ್ದು ಕೈಕೊಟ್ಟರೆ ಕಾರು ದಾರಿಯಲ್ಲಿ ನಿಲ್ಲುತ್ತದೆ. ಸ್ಟೀರಿಂಗಿನಲ್ಲಿ ಕೈಕೊಟ್ಟರೆ ಕಾರು ನಿಲ್ಲುವುದಿಲ್ಲ, ತನಗೆ ಬೇಕಾದ ಕಡೆ ಹೋಗುತ್ತದೆ. ಆದ್ದರಿಂದ ಬಿರುಕು ಬಿಟ್ಟ ತೋಳನ್ನು ವೆಲ್ಡ್ ಮಾಡಿಸುವುದು, ಬಾಗಿದ ರಾಡನ್ನು ಕಾಯಿಸಿ ನೆಟ್ಟಗೆ ಮಾಡುವುದು, ಕಾಟರ್ ಪಿನ್ನಿನ ಬದಲು ಸಿಕ್ಕಿದ ಮೊಳೆ ಸಿಗಿಸುವುದು ಇಲ್ಲಿ ಸಲ್ಲದು. ಒಮ್ಮೆ ಬಿಚ್ಚಿದ ಕಾಟರ್ ಪಿನ್ನನ್ನು ಮತ್ತೆ ಹಾಕಬಾರದು. ಬಾಗಿಸಿ ನೆಟ್ಟಗೆ ಮಾಡಿದ ತಂತಿ ಮುರಿಯಲು ಕಾದಿರುತ್ತದೆ.

ಪದ್ಮಿನಿಯ ತಯಾರಿಕೆ ಕಳೆದ ಶತಮಾನದ ಕೊನೆಯೊಂದಿಗೆ ಮುಗಿಯಿತು. ಮುಂಬೈಯ ಟ್ಯಾಕ್ಸಿಯಾಗಿ ಅದು ಕಡೆಯದಾಗಿ ಓಡಿದ್ದು 2023ರಲ್ಲಿ. ಅಂಬಾಸಿಡರ್ ಕಾರ್ಖಾನೆಯ ಬಾಗಿಲು 2014ರಲ್ಲಿ ಮುಚ್ಚಿತು. ಅರ್ಧ ಶತಮಾನ ಕಾರು ಹೆಚ್ಚು ಬದಲಾಗದೆ ಉಳಿದದ್ದನ್ನು ಹಲವರು ಟೀಕಿಸಿದ್ದಾರೆ, ಆ ಟೀಕೆಯಲ್ಲಿ ಹುರುಳಿದೆ. ಆದರೆ ಅದೇ ಕಾರಣದಿಂದ ತಂದೆ ಕಲಿತ ರಿಪೇರಿ ಮಗನಿಗೂ ಉಪಯೋಗಕ್ಕೆ ಬಂತು, ಗುರುವಿನ ಕೈಯ ಅನುಭವ ಶಿಷ್ಯನಿಗೆ ದಾಟಿತು. ಈಗ ಅಸಲಿ ಬಿಡಿಭಾಗ ಅಪರೂಪ. ಅವುಗಳ ಹೆಸರಿನಲ್ಲಿ ಕಳಪೆ ನಕಲುಗಳೂ ಮಾರಾಟವಾಗುತ್ತವೆ. ಬೆರಳಿನಿಂದ ಆಟ ಅಳೆಯಬಲ್ಲ ಕೈಗಳಿಗೂ ವಯಸ್ಸಾಗುತ್ತಿದೆ.

ಖಾಸಗಿ ಕಾರಿನ ನೋಂದಣಿ ಹದಿನೈದು ವರ್ಷಕ್ಕೆ ಮುಗಿಯುತ್ತದೆ. ಮುಂದುವರಿಸಬೇಕಾದರೆ ಗಾಡಿ ರಸ್ತೆಗೆ ಯೋಗ್ಯವೆಂದು ತೋರಿಸಬೇಕು. ತಪಾಸಣೆಯ ದಿನ ಹೇಗೋ ದಾಟಿದರೆ ಸಾಕೆಂದು ಕೊಂಡೊಯ್ಯುವವರಿದ್ದಾರೆ. ಅದಕ್ಕಿಂತ ಒಂದು ವಾರ ಮೊದಲೇ ಅನುಭವಿ ಮೆಕ್ಯಾನಿಕ್ಕಿಗೆ ಒಂದು ಬೆಳಗ್ಗೆ ಬಿಡುವು ಮಾಡಿಸಿ, ಗಾಲಿಯಿಂದ ಶುರುಮಾಡಿ ಪ್ರತಿಯೊಂದು ಕೀಲನ್ನೂ ನೋಡಿಸುವುದು ಜಾಣತನ. ಜೊತೆಗೆ ಗ್ಯಾರೇಜಿನ ಹುಡುಗನೊಬ್ಬನನ್ನು ಪಕ್ಕದಲ್ಲಿ ಕೂರಿಸಿ, ಅವನ ಬೆರಳನ್ನೂ ಆ ಕೀಲಿನ ಮೇಲೆ ಇಡಿಸಿದರೆ ಇನ್ನೂ ಒಳ್ಳೆಯದು. ಈ ವಿದ್ಯೆ ದಾಟಿ ಬಂದಿರುವುದು ಹಾಗೆಯೇ.