ಸಾಬುವಿನ ಮುಖ, ಪರರ ಕ್ಯಾಮೆರಾ

ನಮ್ಮ ಕೃಷ್ಣರಾಜನಗರದಿಂದ ಹುಣಸೂರು ಹಾದು ಹೆಗ್ಗಡದೇವನಕೋಟೆಯ ಕಡೆ ಹೋದರೆ ಕಬಿನಿಯ ಬಳಿ ಕಾರಾಪುರ ಸಿಗುತ್ತದೆ. 1924ರಲ್ಲಿ ಅಲ್ಲಿ ಒಬ್ಬ ಮುಸ್ಲಿಂ ಮಾವುತನ ಮನೆಯಲ್ಲಿ ಹುಟ್ಟಿದ ಹುಡುಗನೇ ಮುಂದೆ ಜಗತ್ತು ಬಲ್ಲ ಸಾಬು. ತಂದೆ ತೀರಿಕೊಂಡ ಮೇಲೆ ಮೈಸೂರು ಮಹಾರಾಜರ ಆನೆಲಾಯದ ಆಸರೆಯಲ್ಲಿದ್ದ ಅವನು 1935ರಲ್ಲಿ ರಾಬರ್ಟ್ ಫ್ಲಾಹರ್ಟಿಯ ಚಿತ್ರತಂಡದ ಕಣ್ಣಿಗೆ ಬಿದ್ದ.

1922ರಲ್ಲಿ 'ನಾನೂಕ್ ಆಫ್ ದಿ ನಾರ್ತ್' ತೆಗೆದ ಫ್ಲಾಹರ್ಟಿಯನ್ನು ಸಾಕ್ಷ್ಯಚಿತ್ರದ ಪಿತಾಮಹ ಎನ್ನುವವರಿದ್ದಾರೆ. ಆದರೆ ಆ ಚಿತ್ರದ ನಾನೂಕನ ನಿಜ ಹೆಸರು ಅಲ್ಲಕರಿಯಲ್ಲಕ್. ಬಂದೂಕು ಬಳಸಬಲ್ಲ ಜನರಿಂದ ಕ್ಯಾಮೆರಾಕ್ಕಾಗಿ ಹಳೆಯ ಈಟಿಯ ಬೇಟೆ ಆಡಿಸಲಾಗಿತ್ತು.

ನಮ್ಮ ಸಾಬುವಿಗೂ ಹೀಗೇ ಆಯಿತು. ಮಾವುತನ ಮಗ ಮಾವುತನ ಮಗನ ಪಾತ್ರವನ್ನೇ ಮಾಡಿದ. ಕಥೆ ಮಾತ್ರ ಕಿಪ್ಲಿಂಗನದು. ಮೈಸೂರಿನಲ್ಲಿ ಫ್ಲಾಹರ್ಟಿ ತೆಗೆದ ದೃಶ್ಯಗಳಿಗೆ ಇಂಗ್ಲೆಂಡಿನ ಡೆನ್‌ಹ್ಯಾಮ್ ಸ್ಟುಡಿಯೋದಲ್ಲಿ ಜೋಲ್ಟನ್ ಕೊರ್ಡಾ ತೆಗೆದ ದೃಶ್ಯಗಳು ಸೇರಿದವು. 1937ರ 'ಎಲಿಫೆಂಟ್ ಬಾಯ್' ವೆನಿಸ್‌ನಲ್ಲಿ ನಿರ್ದೇಶನದ ಪ್ರಶಸ್ತಿ ಪಡೆಯಿತು. ಅದೇ ವರ್ಷ ಫ್ಲಾಹರ್ಟಿಯ ಪತ್ನಿ ಫ್ರಾನ್ಸಿಸ್ ತಮ್ಮ ಮೈಸೂರು ದಿನಗಳನ್ನು 'ಎಲಿಫೆಂಟ್ ಡ್ಯಾನ್ಸ್' ಎಂಬ ಪುಸ್ತಕವಾಗಿಸಿದರು. ಬಂದವರು ತಮ್ಮ ಬದುಕನ್ನು ತಾವೇ ದಾಖಲಿಸಿಕೊಂಡರು. ಇಲ್ಲಿಯ ಹುಡುಗನ ಬದುಕನ್ನೂ ಅವರೇ ಹೇಳಿದರು.

ಸಾಬು ಹಾಲಿವುಡ್ ಸೇರಿದ. ಎರಡನೇ ಮಹಾಯುದ್ಧದಲ್ಲಿ ಅಮೆರಿಕದ ವಿಮಾನಪಡೆಯಲ್ಲಿ ಹೋರಾಡಿದ. 1963ರಲ್ಲಿ, 39ರ ವಯಸ್ಸಿನಲ್ಲಿ, ಹೃದಯಾಘಾತದಿಂದ ತೀರಿಕೊಂಡ. ಅಷ್ಟು ಜನ ನೋಡಿದ ಆ ಮುಖದ ಹಿಂದಿನ ಅನಾಥ ಹುಡುಗನಿಗೆ ಏನನ್ನಿಸಿತ್ತು? ಪರದೆಯ ಮೇಲೆ ಅವನಾಡಿದ್ದು ಪರರು ಬರೆದ ಮಾತು.

ಕ್ಯಾಮೆರಾ ಬಡವರ ಕೈಗೆ ಬರಲು ವಿಡಿಯೋ ಬರಬೇಕಾಯಿತು. 1984ರಲ್ಲಿ ಅಹಮದಾಬಾದಿನ 'ಸೇವಾ' ಸಂಘಟನೆಯ ದುಡಿಯುವ ಹೆಂಗಸರು ವಿಡಿಯೋ ಕಲಿತರು. ಅವರಲ್ಲಿ ಓದು ಬಾರದವರೂ ಇದ್ದರು. ನಮ್ಮ ಬೀದರಿನ ಗಡಿಯಾಚೆ, ಜಹೀರಾಬಾದ್ ಬಳಿಯ ಪಸ್ತಾಪುರದಲ್ಲಿ ದಲಿತ ರೈತ ಮಹಿಳೆಯರು ತಮ್ಮ ಬೀಜ, ತಮ್ಮ ಬೆಳೆಯ ಚಿತ್ರಗಳನ್ನು ತಾವೇ ತೆಗೆದರು. ಚಿತ್ರದೊಳಗೆ ಇರುವವರೇ ಚಿತ್ರ ತೆಗೆಯುವವರಾದರು.

ನಮ್ಮ ಮನೆಯಲ್ಲೂ ಒಂದು ಹಳೆಯ ಮದುವೆ ಕ್ಯಾಸೆಟ್ ಇದೆ. ದುಲ್ಹನ ಮೆರವಣಿಗೆ, ಗಂಡಸರ ದಸ್ತರ್‌ಖಾನ್ ಎಲ್ಲವೂ ಅದರಲ್ಲಿವೆ. ಒಳಕೋಣೆಯಲ್ಲಿ ರಾತ್ರಿಯಿಡೀ ಹಾಡಿದ ಖಾಲಾಂದಿರು ಎಲ್ಲೂ ಇಲ್ಲ. ವಿಡಿಯೋದವನು ಪರಪುರುಷ, ಒಳಗೆ ಬರುವಂತಿರಲಿಲ್ಲ. ಅವನದು ತಪ್ಪಲ್ಲ, ಅವರದೂ ಅಲ್ಲ. ಆದರೆ ಆ ಹಾಡು ಬಲ್ಲವರು ಒಬ್ಬೊಬ್ಬರಾಗಿ ಹೋಗಿಬಿಟ್ಟರು.

ಈಗ ಆ ಕೋಣೆಯಲ್ಲಿ ಕೂರುವ ಹೆಣ್ಣುಮಕ್ಕಳ ಕೈಯಲ್ಲೇ ಮೊಬೈಲ್ ಇದೆ. ಉಳಿದಿರುವ ಖಾಲಾಳ ಒಪ್ಪಿಗೆ ಕೇಳಿ ದಾಖಲಿಸಲಿ. ಮುಖ ಬೇಡವೆಂದರೆ ಕೈಗಳನ್ನು ತೋರಿಸಲಿ, ಅದೂ ಬೇಡವೆಂದರೆ ದನಿಯನ್ನಷ್ಟೇ ಹಿಡಿಯಲಿ. ಏನು ತೋರಿಸಬೇಕು, ಏನು ಬೇಡ ಎಂದು ಹೇಳುವ ಹಕ್ಕು ಸಾಬುವಿಗೆ ಸಿಗಲಿಲ್ಲ. ನಮ್ಮ ಖಾಲಾಂದಿರಿಗಾದರೂ ಸಿಗಲಿ.