ಗುಬ್ಬಿ ಕಂಪನಿಯ ಹೆಣ್ಣುಮಕ್ಕಳು

ನಮ್ಮೂರು ಗುಬ್ಬಿ ಎಂದೊಡನೆ ಹೊರಗಿನವರು ಕೇಳುವ ಮೊದಲ ಮಾತು, 'ವೀರಣ್ಣನವರ ಗುಬ್ಬಿಯೇ?' ಎಂದು. ಹೌದು ಎನ್ನಲು ನಮಗೂ ಹೆಮ್ಮೆಯೇ. ಊರದೇವರು ಚನ್ನಬಸವೇಶ್ವರನ ಹೆಸರು ಹೊತ್ತು 1884ರಲ್ಲಿ ಹುಟ್ಟಿದ ನಾಟಕ ಮಂಡಲಿಗೆ ಬಾಲಕನಾಗಿ ಸೇರಿದ ವೀರಣ್ಣನವರು ಮುಂದೆ ಅದರ ಮಾಲೀಕರಾದರು, ನಾಟಕರತ್ನ ಎನಿಸಿಕೊಂಡರು. ಪದ್ಮಶ್ರೀ ಬಂದ 1972ರಲ್ಲೇ ತೀರಿಕೊಂಡರು. ತುಮಕೂರಿನ ಕಲಾಕ್ಷೇತ್ರಕ್ಕೆ ಅವರದೇ ಹೆಸರು, ಸರ್ಕಾರ ರಂಗಭೂಮಿಗೆ ಕೊಡುವ ಪ್ರಶಸ್ತಿಗೂ ಅವರದೇ ಹೆಸರು. ಇದೆಲ್ಲ ಸಲ್ಲತಕ್ಕದ್ದೇ. ಆದರೆ ಅದೇ ರಂಗದ ಮೇಲೆ ನಿಂತ ಹೆಣ್ಣುಮಕ್ಕಳ ಹೆಸರು ಊರಿನ ಬಾಯಲ್ಲಿ ಅಷ್ಟಾಗಿ ಉಳಿಯಲಿಲ್ಲ.

ಮೊದಮೊದಲು ಹೆಣ್ಣಿನ ಪಾತ್ರವನ್ನು ಕಟ್ಟುತ್ತಿದ್ದವರು ಗಂಡಸರು. ತುಮಕೂರು ಸೀಮೆಯವರೇ ಆದ ಬೆಳ್ಳಾವೆ ನರಹರಿಶಾಸ್ತ್ರಿಗಳ 'ಸದಾರಮೆ'ಯಲ್ಲಿ ನಾಯಕಿ ಗಂಡುವೇಷ ಹಾಕುತ್ತಾಳೆ. ಹೆಣ್ಣಾದ ಗಂಡಸು ಮತ್ತೆ ಗಂಡಾಗುವ ಈ ಚೋದ್ಯ ಜನಕ್ಕೆ ಚೋದ್ಯವೆನಿಸಲಿಲ್ಲ. ವೀರಣ್ಣನವರು ಸ್ತ್ರೀಪಾತ್ರಕ್ಕೆ ಸ್ತ್ರೀಯರನ್ನೇ ತಂದು ನಿಲ್ಲಿಸಿದಾಗ ಮಾತ್ರ ಜನರ ಹುಬ್ಬು ಮೇಲೇರಿತು.

ನಮ್ಮ ಮನೆಯನ್ನೇ ನೋಡಿ. ಅಜ್ಜಿಗೆ ಕಂಪನಿ ನಾಟಕವೆಂದರೆ ಪ್ರಾಣ. ಬುತ್ತಿ ಕಟ್ಟಿಕೊಂಡು, ಗಾಡಿ ಹೂಡಿಸಿಕೊಂಡು ಹೋಗಿ, ಬೆಳಗಿನ ಜಾವದವರೆಗೆ ನೋಡಿ ಬರುತ್ತಿದ್ದರಂತೆ. ಅದೇ ಅಜ್ಜಿ, ಚಿಕ್ಕಮ್ಮ ಹಾರ್ಮೋನಿಯಂ ಕಲಿಯುತ್ತೇನೆ ಎಂದಾಗ, 'ಯಾಕೆ, ನಾಟ್ಕದೋಳಾಗ್ತೀಯೇನೇ?' ಎಂದು ಒಂದೇ ಮಾತಿನಲ್ಲಿ ಬಾಯಿ ಮುಚ್ಚಿಸಿದರು. ಚಿಕ್ಕಮ್ಮ ಆಮೇಲೆ ಹಾಡಿದ್ದು ತೊಟ್ಟಿಲ ಮುಂದೆ ಮಾತ್ರ. ರಂಗದ ಮೇಲಿನ ಹೆಣ್ಣನ್ನು ಕಣ್ತುಂಬ ನೋಡಬೇಕು, ಆದರೆ ಅವಳು ನಮ್ಮ ಮನೆಯವಳಾಗಿರಬಾರದು.

ಇದು ಗುಬ್ಬಿಯೊಂದರ ಕಥೆಯಲ್ಲ. 1876ರಲ್ಲಿ ರುಮೇನಿಯಾದ ಯಾಶ್ ಪಟ್ಟಣದಲ್ಲಿ ಗೋಲ್ಡ್‌ಫಾಡೆನ್ ಎಂಬಾತ ಯಹೂದಿಗಳ ಮನೆಮಾತಾದ ಯಿಡ್ಡಿಷ್‌ನಲ್ಲಿ ನಾಟಕ ಮಂಡಲಿ ಕಟ್ಟಿದ. ಅಲ್ಲಿಯೂ ಮೊದಲು ಸೀರೆಯ ಬದಲು ಗೌನು ತೊಟ್ಟ ಗಂಡಸರೇ. ಸಾರಾ ಸೆಗಲ್ ಎಂಬ ಹುಡುಗಿ ನಟಿಯಾಗಲು ಹೊರಟಾಗ ಅವಳ ತಾಯಿ, ಮದುವೆಯಾಗದ ಮಗಳನ್ನು ರಂಗಕ್ಕೆ ಕಳಿಸುವುದಿಲ್ಲ ಎಂದು ಪಟ್ಟು ಹಿಡಿದಳು. ಹುಡುಗಿ ಮಂಡಲಿಯ ನಟನೊಬ್ಬನನ್ನು ಮದುವೆಯಾಗಿಯೇ ರಂಗ ಹತ್ತಿದಳು. ಮುಂದೆ ಸೋಫಿಯಾ ಕಾರ್ಪ್ ಎಂಬ ಹೆಸರಿನಿಂದ ನ್ಯೂಯಾರ್ಕಿನಲ್ಲಿ ಪ್ರಸಿದ್ಧಳಾದಳು. ಅದೇ ನ್ಯೂಯಾರ್ಕಿನಲ್ಲಿ 1909ರಲ್ಲಿ, ಬಟ್ಟೆ ಹೊಲಿಯುವ ಕಾರ್ಖಾನೆಯ ಹುಡುಗಿ ಕ್ಲಾರಾ ಲೆಮ್ಲಿಕ್, ತುಂಬಿದ ಸಭೆಯಲ್ಲಿ ಎದ್ದು ನಿಂತು ಯಿಡ್ಡಿಷ್‌ನಲ್ಲೇ ಮುಷ್ಕರಕ್ಕೆ ಕರೆ ಕೊಟ್ಟಳು. ಇಪ್ಪತ್ತು ಸಾವಿರದಷ್ಟು ಮಂದಿ ಕೆಲಸ ಬಿಟ್ಟು ಹೊರಬಂದರು, ಅವರಲ್ಲಿ ಬಹುಪಾಲು ಯಹೂದಿ ಹೆಣ್ಣುಮಕ್ಕಳು. ಒಬ್ಬಳದು ರಂಗ, ಇನ್ನೊಬ್ಬಳದು ಬೀದಿ. ಹತ್ತು ಜನರ ಮುಂದೆ ಹೆಣ್ಣು ದನಿಯೆತ್ತುವುದು ಎಂಬ ಮೂಲದ ಸಂಗತಿ ಎರಡರಲ್ಲೂ ಒಂದೇ.

ನಮ್ಮ ದೇಶದ ಸಿನಿಮಾಕ್ಕೂ ಈ ನಂಟು ಇದೆ. ಮನೆತನದ ಹೆಂಗಸರು ಕ್ಯಾಮರಾ ಎದುರು ಬರಲು ಹೆದರುತ್ತಿದ್ದ ಮೂಕಿಚಿತ್ರಗಳ ಕಾಲದಲ್ಲಿ, ಟೆಲಿಫೋನ್ ಆಪರೇಟರ್ ಆಗಿದ್ದ ಯಹೂದಿ ಹೆಣ್ಣುಮಗಳು ರೂಬಿ ಮೈಯರ್ಸ್ 'ಸುಲೋಚನಾ' ಎಂಬ ಹೆಸರಿನಲ್ಲಿ ಬೊಂಬಾಯಿಯ ದೊಡ್ಡ ತಾರೆಯಾದಳು. ಸಮಾಜದ ಅಂಚಿನಲ್ಲಿದ್ದವರಿಗೆ ಕಳೆದುಕೊಳ್ಳುವ 'ಮರ್ಯಾದೆ' ಕಡಿಮೆ ಎಂದು ಜನ ಹೇಳುವುದುಂಟು. ನನಗೆ ಅದು ಒಪ್ಪಿಗೆಯಿಲ್ಲ. ಅವರೂ ಒಂದು ಮನೆಯ ಮಕ್ಕಳೇ, ಅವರಿಗೂ ತಾಯಂದಿರಿದ್ದರು. ಹೆದರಿಕೆ ಅವರಿಗೂ ಇತ್ತು, ಹಾಗಿದ್ದೂ ಹೋದರು.

ಇನ್ನು ನಮ್ಮ ಬಿ. ಜಯಮ್ಮನವರು. 1915ರಲ್ಲಿ ಹುಟ್ಟಿ, ಗುಬ್ಬಿ ಕಂಪನಿಯಲ್ಲಿ ಬೆಳೆದು, ವೀರಣ್ಣನವರ ಕೈಹಿಡಿದವರು. 1931ರ ಮೂಕಿಚಿತ್ರ 'ಹಿಸ್ ಲವ್ ಅಫೇರ್'ನಲ್ಲಿ ಅಭಿನಯಿಸಿದಾಗ ಅವರಿಗಿನ್ನೂ ಹದಿನಾರರ ವಯಸ್ಸು. 1945ರ ತೆಲುಗು 'ಸ್ವರ್ಗಸೀಮ'ದಲ್ಲಿ ಗಂಡನಿಂದ ದೂರಾದ ಹೆಂಡತಿಯಾಗಿ ಆಂಧ್ರದವರ ಮನಸ್ಸನ್ನೂ ಗೆದ್ದರು. ಮರುವರ್ಷ 'ಹೇಮರೆಡ್ಡಿ ಮಲ್ಲಮ್ಮ' ಬಂತು. ಹಗಲು ಪ್ರಯಾಣ, ರಾತ್ರಿ ನಾಟಕ. ನಡುವೆ ಮಕ್ಕಳು, ಮನೆ, ಕಂಪನಿಯ ಜನ. ವೀರಣ್ಣನವರನ್ನು ಕಂಪನಿ ಕಟ್ಟಿದವರು ಎನ್ನುತ್ತೇವೆ. ಹೀಗೆ ದುಡಿದ ಜಯಮ್ಮನವರನ್ನು ಅವರ ಹೆಂಡತಿ ಎಂದಷ್ಟೇ ಹೇಳಿ ಮುಂದೆ ಹೋಗುತ್ತೇವೆ.

ಅವರು ತೆರೆದ ಬಾಗಿಲು ಮಾತ್ರ ಮತ್ತೆ ಮುಚ್ಚಲಿಲ್ಲ. 1958ರಲ್ಲಿ ಮೈಸೂರಿನ ಆರ್. ನಾಗರತ್ನಮ್ಮನವರು ಹೆಂಗಸರದೇ ಆದ ಸ್ತ್ರೀ ನಾಟಕ ಮಂಡಳಿ ಕಟ್ಟಿ, ತಾವೇ ಕಂಸನಾಗಿ, ರಾವಣನಾಗಿ ಅಬ್ಬರಿಸಿದರು. ಒಂದು ಕಾಲಕ್ಕೆ ಹೆಣ್ಣಿನ ಪಾತ್ರವೂ ಹೆಣ್ಣಿಗಿಲ್ಲ ಎಂದಿದ್ದ ರಂಗದಲ್ಲಿ ಗಂಡಿನ ಪಾತ್ರವೂ ಹೆಣ್ಣಿನದಾಯಿತು. ವೀರಣ್ಣನವರ ಮಗಳು ಜಿ.ವಿ. ಮಾಲತಮ್ಮ ನಟಿಯಾದರು. ಮಾಲತಮ್ಮನವರ ಮಗಳು ಬಿ. ಜಯಶ್ರೀ 1976ರಲ್ಲಿ 'ಸ್ಪಂದನ' ತಂಡ ಕಟ್ಟಿ ನಿರ್ದೇಶಕಿಯೂ ಆದರು. 2010ರಲ್ಲಿ ರಾಜ್ಯಸಭೆಗೆ ನಾಮಕರಣಗೊಂಡರು, 2013ರಲ್ಲಿ ಪದ್ಮಶ್ರೀ ಪಡೆದರು. 'ನಾಟ್ಕದೋಳು' ಎಂಬ ಬೈಗುಳ ದೆಹಲಿಯ ಸಂಸತ್ತಿನೊಳಗೆ ಗೌರವದ ಹೆಸರಾಗಿ ಕೂತದ್ದು ಹೀಗೆ.

ಹೋರಾಟವೆಂದರೆ ಬಾವುಟ, ಘೋಷಣೆ ಎಂದೇ ನಾವು ತಿಳಿದಿದ್ದೇವೆ. ಕಂಪನಿಯ ಹೆಣ್ಣುಮಕ್ಕಳು ಘೋಷಣೆ ಕೂಗಲಿಲ್ಲ. ಬಣ್ಣ ಹಚ್ಚಿಕೊಂಡು, ದೀಪದ ಮುಂದೆ ಬಂದು, ಎತ್ತರದ ದನಿಯಲ್ಲಿ ಹಾಡಿದರು. ನೋಡಿದ ಊರು ಮನೆಗೆ ಹೋಗಿ ಬೈದಿತು, ಮರುದಿನ ಮತ್ತೆ ಟಿಕೆಟ್ ಕೊಂಡಿತು. ಹಾಗೆ ಬೈಯುತ್ತಲೇ, ನೋಡುತ್ತಲೇ ಊರು ಬದಲಾಯಿತು. ನಮ್ಮ ಚಿಕ್ಕಮ್ಮನ ಮೊಮ್ಮಗಳು ಇಂದು ಶಾಲೆಯ ವಾರ್ಷಿಕೋತ್ಸವದಲ್ಲಿ ಹಾಡಿದರೆ ಬೈಯುವವರು ಯಾರೂ ಇಲ್ಲ. ಆ ಮಗುವಿಗೆ ಜಯಮ್ಮನವರ ಹೆಸರನ್ನು ಹೇಳಿಕೊಡಬೇಕಾದವರು ಮಾತ್ರ ನಾವೇ.