ಬಹುವಿಶ್ವವಾದದ ಪ್ರಥಮ ಲೇಖನವೂ ನಮ್ಮ ನಯವಿಚಾರವೂ

ಅನೇಕಾಂತವಾದವನ್ನು ಆಧುನಿಕ ವಿಜ್ಞಾನದೊಡನೆ ಹೋಲಿಸಿ ಹೆಮ್ಮೆಪಡುವ ಬರಹಗಳು ನಮ್ಮ ಸಮಾಜದ ಪತ್ರಿಕೆಗಳಲ್ಲಿ ಬಹುಕಾಲದಿಂದ ಬರುತ್ತಿವೆ. ಹಿಂದೆ ಐನ್‌ಸ್ಟೈನರ ಸಾಪೇಕ್ಷತಾ ಸಿದ್ಧಾಂತವು ಈ ಹೋಲಿಕೆಗೆ ಒದಗುತ್ತಿತ್ತು. ಈಗ ಆ ಸ್ಥಾನಕ್ಕೆ ಸಮಾಂತರ ವಿಶ್ವಗಳ ಕಲ್ಪನೆ ಬಂದಿದೆ. ಅನೇಕ ವಿಶ್ವಗಳನ್ನು ನಮ್ಮ ಆಚಾರ್ಯರು ಎಂದೋ ಹೇಳಿದ್ದರೆಂಬ ಮಾತು ಪ್ರವಚನಗಳಲ್ಲಿಯೂ ಕೇಳಿಬರುತ್ತದೆ. ಈ ಮಾತು ಎಷ್ಟರಮಟ್ಟಿಗೆ ನಿಲ್ಲುವುದೆಂದು ಅರಿಯಬೇಕಾದರೆ, ಆ ಕಲ್ಪನೆಯು ಭೌತವಿಜ್ಞಾನದ ಪತ್ರಿಕೆಯೊಂದರಲ್ಲಿ ಅಚ್ಚಾದ ವೃತ್ತಾಂತವನ್ನು ನೋಡುವುದು ಒಳಿತು.

ಪರಮಾಣುವಿನೊಳಗಿನ ಕಣವು ಅಳೆಯುವುದಕ್ಕೆ ಮೊದಲು ಅನೇಕ ಸ್ಥಿತಿಗಳ ಮಿಶ್ರಣವಾಗಿರುತ್ತದೆಂದು ಕ್ವಾಂಟಂ ಸಿದ್ಧಾಂತವು ಹೇಳುತ್ತದೆ. ಅಳೆದಾಗ ದೊರೆಯುವುದು ಮಾತ್ರ ಒಂದೇ ಸ್ಥಿತಿ. ಉಳಿದವು ಏನಾದವು? ಅಳತೆಯ ಕ್ಷಣದಲ್ಲಿ ಅವು ಥಟ್ಟನೆ ಲುಪ್ತವಾಗುತ್ತವೆಂದು ಅಂದಿನ ಗ್ರಂಥಗಳು ಹೇಳಿ ಮುಂದೆ ಸಾಗುತ್ತಿದ್ದವು. ಅಮೆರಿಕದ ಪ್ರಿನ್ಸ್‌ಟನ್ ವಿಶ್ವವಿದ್ಯಾಲಯದಲ್ಲಿ ಸಂಶೋಧನ ವಿದ್ಯಾರ್ಥಿಯಾಗಿದ್ದ ಹ್ಯೂ ಎವರೆಟ್ (1930-1982) ಈ ಲೋಪವನ್ನು ಒಪ್ಪಲಿಲ್ಲ. ಯಾವ ಸ್ಥಿತಿಯೂ ನಾಶವಾಗುವುದಿಲ್ಲ; ನೋಡುವವನೂ ಅದೇ ಸಮೀಕರಣಕ್ಕೆ ಒಳಪಟ್ಟವನು; ಅವನ ಒಂದೊಂದು ಅವಸ್ಥೆಗೆ ಕಣದ ಒಂದೊಂದು ಸ್ಥಿತಿ ಸಾಪೇಕ್ಷವಾಗಿ ಹೊಂದಿಕೊಂಡಿರುತ್ತದೆ ಎಂಬುದು ಅವರ ವಾದ. ಬುದ್ಧಿಯೂ ಜ್ಞಾಪಕವೂ ಉಳ್ಳ ಅಮೀಬವೊಂದು ಸೀಳುತ್ತ ಹೋಗುವ ಉಪಮೆಯನ್ನು ಅವರು ತಮ್ಮ ಆರಂಭದ ಟಿಪ್ಪಣಿಯಲ್ಲಿ ಕೊಟ್ಟಿದ್ದರು.

ಎವರೆಟರ ಗುರು ಜಾನ್ ವೀಲರ್ ಶಿಷ್ಯನ ಪ್ರತಿಭೆಯನ್ನು ಬಲ್ಲವರು. ಆದರೆ ತಮ್ಮ ಹಿರಿಯರಾದ ನೀಲ್ಸ್ ಬೋರರಲ್ಲಿ ಅವರಿಗೆ ಅಪಾರ ಗೌರವ. 1956ರಲ್ಲಿ ಅವರು ಪ್ರಬಂಧವನ್ನು ಕೋಪನ್‌ಹೇಗನ್ನಿಗೆ ಒಯ್ದು ಚರ್ಚಿಸಿದರು. ಬೋರರ ವಲಯಕ್ಕೆ ಅದು ಹಿಡಿಸಲಿಲ್ಲ. ಅನಂತರ ಪ್ರಬಂಧವನ್ನು ಮೊಟಕುಗೊಳಿಸುವ ಕೆಲಸ ಆರಂಭವಾಯಿತು. ಸೀಳುವಿಕೆಯ ಮಾತುಗಳು ಹೋದವು, ಅಮೀಬವೂ ಹೋಯಿತು. ಕೊನೆಗೆ ಮೂಲದ ಸುಮಾರು ನಾಲ್ಕನೆಯ ಒಂದು ಭಾಗ ಉಳಿಯಿತು. ವೀಲರರನ್ನು ಇದಕ್ಕಾಗಿ ದೂಷಿಸುವುದು ಸುಲಭ. ಶಿಷ್ಯನಿಗೆ ಪದವಿ ದೊರೆಯಬೇಕು, ಹಿರಿಯರ ಮನಸ್ಸೂ ನೋಯಬಾರದು ಎಂಬ ಇಕ್ಕಟ್ಟು ಅವರದು. ಆದರೂ ಒಬ್ಬರ ವಾದವನ್ನು ಅದರ ಪೂರ್ಣರೂಪದಲ್ಲಿ ಲೋಕದ ಮುಂದಿಡದೆ ಹೋದುದು ದಾಕ್ಷಿಣ್ಯದಿಂದ ಆದ ಅನ್ಯಾಯವೆಂದೇ ನನ್ನ ಭಾವನೆ.

ಸಂಕ್ಷಿಪ್ತ ಲೇಖನವು 1957ರ ಜುಲೈ ತಿಂಗಳ ‘ರಿವ್ಯೂಸ್ ಆಫ್ ಮಾಡರ್ನ್ ಫಿಸಿಕ್ಸ್’ ಪತ್ರಿಕೆಯಲ್ಲಿ, ವೀಲರರ ಪರಿಚಯ ಲೇಖನದೊಡನೆ ಪ್ರಕಟವಾಯಿತು. ಅದರಲ್ಲಿ ‘ಸಮಾಂತರ ವಿಶ್ವ’ ಎಂಬ ಪದವೇ ಇಲ್ಲ. ಶೀರ್ಷಿಕೆಯಲ್ಲಿದ್ದುದು ‘ಸಾಪೇಕ್ಷ ಸ್ಥಿತಿ’ ಎಂಬ ಪದ. ಆ ಸಂಚಿಕೆಯ ಲೇಖನಗಳನ್ನು ಸಂಪಾದಿಸಿದವರು ಬ್ರೈಸ್ ಡೆವಿಟ್. ಅವರಿಗೂ ಈ ವಾದವು ಸಮ್ಮತವಾಗಿರಲಿಲ್ಲ. ಅವರು ವೀಲರರಿಗೆ ದೀರ್ಘವಾದ ಪತ್ರ ಬರೆದು, ಕೃತಿಯ ಸತ್ತ್ವವನ್ನು ಮೆಚ್ಚಿ, ತಾನು ಕವಲೊಡೆಯುತ್ತಿರುವ ಅನುಭವ ತನಗೆ ಕಿಂಚಿತ್ತೂ ಇಲ್ಲವಲ್ಲ ಎಂದು ಆಕ್ಷೇಪಿಸಿದರು. ಕೋಪರ್ನಿಕಸನ ವಿರೋಧಿಗಳೂ ಭೂಮಿಯ ಚಲನೆ ನಮ್ಮ ಅನುಭವಕ್ಕೆ ಬಾರದೆಂದೇ ವಾದಿಸಿದ್ದರು, ನಿಮಗೇನಾದರೂ ಆ ಚಲನೆಯ ಅರಿವಾಗುತ್ತಿದೆಯೇ ಎಂಬುದು ಎವರೆಟರ ಉತ್ತರ. ಈ ಆಕ್ಷೇಪವೂ ಅದರ ಸಮಾಧಾನವೂ ಕರಡು ತಿದ್ದುವ ಹಂತದಲ್ಲಿ ಲೇಖನದ ಅಡಿಟಿಪ್ಪಣಿಯಾಗಿ ಸೇರಿದವು. ತಮ್ಮ ಮಾತಿಗೆ ತಕ್ಕ ಪೆಟ್ಟು ಬಿತ್ತೆಂದು ಡೆವಿಟ್ಟರು ಮುಂದೆ ನಗುತ್ತ ಒಪ್ಪಿಕೊಂಡರು. 1970ರಲ್ಲಿ ‘ಫಿಸಿಕ್ಸ್ ಟುಡೇ’ಯಲ್ಲಿ ಲೇಖನ ಬರೆದು ಆ ವಾದಕ್ಕೆ ಪ್ರಚಾರ ಕೊಟ್ಟವರು ಅವರೇ, 1973ರಲ್ಲಿ ನೀಲ್ ಗ್ರಹಾಮರೊಡನೆ ಹೊರತಂದ ಗ್ರಂಥದಲ್ಲಿ ಎವರೆಟರ ದೀರ್ಘ ಪ್ರಬಂಧವನ್ನು ಪೂರ್ಣವಾಗಿ ಅಚ್ಚುಹಾಕಿಸಿದವರೂ ಅವರೇ.

ನಮ್ಮ ದಾರ್ಶನಿಕ ಪರಂಪರೆಗೆ ಆಪ್ತವೆನಿಸುವುದು ಡೆವಿಟ್ಟರ ಈ ನಡತೆ. ಸಮಂತಭದ್ರಾಚಾರ್ಯರ ‘ಆಪ್ತಮೀಮಾಂಸೆ’ಯು ಸತ್ತೇ ಸರ್ವಸ್ವ ಎನ್ನುವವರನ್ನೂ ಕ್ಷಣಿಕವೇ ಸರ್ವಸ್ವ ಎನ್ನುವವರನ್ನೂ ಎದುರಿಗೆ ನಿಲ್ಲಿಸಿಕೊಂಡು ಪರೀಕ್ಷಿಸುತ್ತದೆ. ಅದಕ್ಕೆ ಅಕಲಂಕರು ‘ಅಷ್ಟಶತಿ’ಯನ್ನೂ, ವಿದ್ಯಾನಂದರು ‘ಅಷ್ಟಸಹಸ್ರಿ’ಯನ್ನೂ ಬರೆದಾಗ ಬೌದ್ಧರ ಮತ್ತು ಮೀಮಾಂಸಕರ ಪೂರ್ವಪಕ್ಷಗಳು ಮತ್ತಷ್ಟು ವಿಸ್ತಾರಗೊಂಡವು. ಎದುರಾಳಿಯ ಮಾತನ್ನು ಕತ್ತರಿಸಿ ಗೆಲ್ಲುವುದು ಅವರ ರೀತಿಯಾಗಿರಲಿಲ್ಲ.

ಇನ್ನು ಸಿದ್ಧಾಂತಗಳ ಹೋಲಿಕೆ. ಸಪ್ತಭಂಗಿಯ ‘ಸ್ಯಾತ್’ ಎಂಬುದು ‘ಇರಬಹುದು’ ಎಂಬ ಸಂಶಯದ ಮಾತಲ್ಲ. ಕಥಂಚಿತ್, ಒಂದು ಅಪೇಕ್ಷೆಯಿಂದ ಎಂದು ಅರ್ಥ. ಘಟವು ಸ್ವದ್ರವ್ಯ, ಸ್ವಕ್ಷೇತ್ರ, ಸ್ವಕಾಲ, ಸ್ವಭಾವಗಳಿಂದ ಇದೆ, ಪರದ್ರವ್ಯಾದಿಗಳಿಂದ ಇಲ್ಲ. ಇಲ್ಲಿ ಘಟ ಒಂದೇ, ಲೋಕವೂ ಒಂದೇ. ‘ತತ್ತ್ವಾರ್ಥಸೂತ್ರ’ದ ಮೂರನೆಯ ಅಧ್ಯಾಯವು ವರ್ಣಿಸುವ ದ್ವೀಪ ಸಮುದ್ರಗಳು ಅಸಂಖ್ಯಾತವಾದರೂ ಒಂದೇ ಲೋಕದೊಳಗಿನವು, ವಿದೇಹ ಕ್ಷೇತ್ರದಲ್ಲಿರುವವರು ನಮ್ಮ ನಿಮ್ಮ ಪ್ರತಿರೂಪಗಳಲ್ಲ. ಎಲ್ಲಕ್ಕಿಂತ ಮುಖ್ಯವಾಗಿ, ಜೀವವು ಅಸಂಖ್ಯಾತ ಪ್ರದೇಶಗಳುಳ್ಳದ್ದಾದರೂ ಅಖಂಡ. ಒಬ್ಬನು ಒಂದು ಶಾಖೆಯಲ್ಲಿ ಹಿಂಸೆಯನ್ನು ಮಾಡಿ ಇನ್ನೊಂದರಲ್ಲಿ ಮಾಡದೆ ಉಳಿದರೆ ಕರ್ಮಬಂಧವು ಯಾರಿಗೆ, ನಿರ್ಜರೆಯು ಯಾರಿಗೆ? ಕರ್ತೃವೇ ಭೋಕ್ತೃವೆಂಬ ನಮ್ಮ ಸಿದ್ಧಾಂತವು ಆ ಕವಲುಗಳಲ್ಲಿ ನಿಲ್ಲುವುದು ಕಷ್ಟ. ಒಂದೇ ಸಮೀಕರಣದಲ್ಲಿ ಸರ್ವವೂ ಅಡಗಿದೆಯೆಂಬ ಎವರೆಟರ ವಾದವನ್ನು ಅಕಲಂಕರು ಕಂಡಿದ್ದರೆ ಅದನ್ನೂ ಒಂದು ಏಕಾಂತವೆಂದೇ ಎಣಿಸುತ್ತಿದ್ದರೇನೋ!

ಹೋಲಿಕೆಯಲ್ಲಿ ಹೇಗೆ ಸಂಯಮವಿರಬೇಕೆಂಬುದಕ್ಕೆ ಅದೇ 1957ರ ಇನ್ನೊಂದು ಪತ್ರಿಕೆಯನ್ನು ತೋರಿಸಬಹುದು. ಕಲ್ಕತ್ತೆಯ ಸಂಖ್ಯಾಶಾಸ್ತ್ರ ಪತ್ರಿಕೆ ‘ಸಾಂಖ್ಯ’ದ 18ನೆಯ ಸಂಪುಟದಲ್ಲಿ ಪ್ರಶಾಂತಚಂದ್ರ ಮಹಲನೋಬಿಸರು ಸ್ಯಾದ್ವಾದವನ್ನು ಸಂಭವನೀಯತೆಯೊಡನೆ ಹೋಲಿಸಿದ ಲೇಖನವಿದೆ, ಅದರ ಬೆನ್ನಿಗೇ ಜೀವವಿಜ್ಞಾನಿ ಜೆ.ಬಿ.ಎಸ್. ಹಾಲ್ಡೇನರು ಸ್ಯಾದ್ವಾದವನ್ನು ಕುರಿತು ಬರೆದದ್ದಿದೆ. ಇಬ್ಬರೂ ಜೈನರಲ್ಲ. ಸಪ್ತಭಂಗಿಯನ್ನು ತರ್ಕದ ಒಂದು ಉಪಕರಣವೆಂದು ಪರಿಶೀಲಿಸಿದರು. ಅದಕ್ಕಿಂತ ಹೆಚ್ಚಿನದನ್ನು ಅದರ ಮೇಲೆ ಹೇರಲಿಲ್ಲ.

ಎವರೆಟರ ವಿಷಯದಲ್ಲಿ ಇನ್ನೊಂದು ಸಂಗತಿಯನ್ನು ಅಹಿಂಸಾಧರ್ಮದ ವಾಚಕರಿಗೆ ತಿಳಿಸದೆ ಮುಗಿಸಲಾಗದು. ಲೇಖನವು ಅಚ್ಚಾಗುವ ಮೊದಲೇ, 1956ರಲ್ಲಿ, ಅವರು ವಿಶ್ವವಿದ್ಯಾಲಯವನ್ನು ಬಿಟ್ಟು ಅಮೆರಿಕದ ರಕ್ಷಣಾ ಇಲಾಖೆಯ ಶಸ್ತ್ರ ಮೌಲ್ಯಮಾಪನ ವಿಭಾಗವನ್ನು ಸೇರಿದ್ದರು. 1959ರಲ್ಲಿ ಕೋಪನ್‌ಹೇಗನ್ನಿಗೆ ಹೋಗಿ ಬೋರರನ್ನು ಕಂಡರೂ ಒಮ್ಮತ ಮೂಡಲಿಲ್ಲ. ಕ್ವಾಂಟಂ ಸಿದ್ಧಾಂತವನ್ನು ಕುರಿತು ಮತ್ತಾವ ಲೇಖನವನ್ನೂ ಅವರು ಪ್ರಕಟಿಸಲಿಲ್ಲ. ಆ ವಿಭಾಗದಲ್ಲಿ ಜಾರ್ಜ್ ಪ್ಯೂ ಅವರೊಡನೆ ಮಾಡಿದ ಒಂದು ಅಧ್ಯಯನವು 1959ರಲ್ಲಿ ಪ್ರಕಟವಾಯಿತು. ದೊಡ್ಡ ಪರಮಾಣು ಯುದ್ಧವೊಂದು ನಡೆದರೆ ಆಕಾಶದಿಂದ ಇಳಿಯುವ ವಿಕಿರಣ ಧೂಳು ಎಲ್ಲೆಲ್ಲಿ ಹರಡುವುದು, ಎಷ್ಟು ಜನರು ಸಾಯುವರು ಎಂಬ ಲೆಕ್ಕ ಅದರ ವಿಷಯ. ಈ ಲೆಕ್ಕದಲ್ಲಿ ಬೇರೆ ಶಾಖೆಗಳ ಮಾತಿಲ್ಲ, ಸಾಯುವವರು ಇದೇ ಲೋಕದವರು. ಯುದ್ಧಯೋಜಕರ ನಡುವೆ ಹುಟ್ಟಿದ ಆ ಅಧ್ಯಯನವನ್ನು, 1962ರ ಶಾಂತಿ ಪಾರಿತೋಷಕಕ್ಕೆ ಪಾತ್ರರಾದ ಲೀನಸ್ ಪೌಲಿಂಗ್ ಅವರು 1963ರ ಡಿಸೆಂಬರಿನಲ್ಲಿ ಓಸ್ಲೋ ನಗರದಲ್ಲಿ ಮಾಡಿದ ನೊಬೆಲ್ ಉಪನ್ಯಾಸದಲ್ಲಿ, ಯುದ್ಧವನ್ನೇ ತೊರೆಯಬೇಕೆಂಬ ತಮ್ಮ ವಾದಕ್ಕೆ ಆಧಾರಗಳಲ್ಲೊಂದಾಗಿ ಉಲ್ಲೇಖಿಸಿದರು.